ಜೋಡಿ ಕಟ್ಟದೆ ಕುಸ್ತಿಗೆ ಬಿಟ್ಟವರು

ಬಡಕಲು ಹುಡುಗನೊಬ್ಬ ಹೊಸ ಊರಿಗೆ ಬರುತ್ತಾನೆ. ಅಲ್ಲಿನ ಉಳ್ಳವರ ಮಕ್ಕಳು ಅವನನ್ನು ಅಟ್ಟಾಡಿಸಿಕೊಂಡು ಹೊಡೆಯುತ್ತಾರೆ. ಯಾರೂ ಲೆಕ್ಕಕ್ಕೇ ಇಡದ ಮುದುಕನೊಬ್ಬ ಅವನಿಗೆ ವಿದ್ಯೆ ಕಲಿಸುತ್ತಾನೆ. ಹುಡುಗ ಬೀಳುತ್ತಾನೆ, ಏಳುತ್ತಾನೆ, ಕೊನೆಗೆ ಜನ ಕಿಕ್ಕಿರಿದ ಸಭಾಂಗಣದಲ್ಲಿ ಒಂಟಿ ಕಾಲಿನ ಮೇಲೆ ನಿಂತು ತನ್ನನ್ನು ಹೊಡೆದವನನ್ನು ಕೆಡವುತ್ತಾನೆ. ಈ ಕಥೆಯಲ್ಲಿ ಊರು ಬದಲಾಗುತ್ತದೆ, ಆಟ ಬದಲಾಗುತ್ತದೆ. ಕರಾಟೆ ಹೋಗಿ ಕುಂಗ್‌ಫು ಬರುತ್ತದೆ, ಕುಂಗ್‌ಫು ಹೋಗಿ ಬಾಕ್ಸಿಂಗ್ ಬರುತ್ತದೆ. ಯಾರು ಗೆಲ್ಲುತ್ತಾರೆಂದು ಮೊದಲ ಹತ್ತು ನಿಮಿಷದಲ್ಲೇ ಗೊತ್ತಾಗಿರುತ್ತದೆ. ಗೊತ್ತಿದ್ದೂ ಕೊನೆಯ ಪೆಟ್ಟು ಬೀಳುವ ಹೊತ್ತಿಗೆ ನಮ್ಮ ಮುಷ್ಟಿ ಬಿಗಿದಿರುತ್ತದೆ.

ಇಂಥ ಸಿನಿಮಾಗಳ ಬಗ್ಗೆ ಎರಡು ಬಗೆಯ ಮಾತು ಕೇಳಿ ಕೇಳಿ ನನಗೆ ಸಾಕಾಗಿದೆ. ಒಂದು, ಸಿನಿಮಾ ಬಲ್ಲವರದು: ಎಲ್ಲ ಒಂದೇ ಅಚ್ಚಿನವು, ಹುಡುಗಾಟದವು, ಅದರಲ್ಲಿ ಮಾತಾಡುವಂಥದ್ದೇನಿದೆ? ಇನ್ನೊಂದು, ಮಕ್ಕಳಿಗೆ ಬುದ್ಧಿ ಹೇಳುವವರದು: ನೋಡಿ, ಅವನೂ ನಿಮ್ಮ ಹಾಗೇ ಇದ್ದ, ಕಷ್ಟಪಟ್ಟ, ಗೆದ್ದ, ನೀವೂ ಕಷ್ಟಪಡಿ. ಮೊದಲಿನದು ಬರೀ ಸೋಮಾರಿತನ, ಅದರಿಂದ ಯಾರಿಗೂ ನಷ್ಟವಿಲ್ಲ. ಎರಡನೆಯದು ಹಾಗಲ್ಲ. ಶಾಲೆಯ ವಾರ್ಷಿಕೋತ್ಸವದ ವೇದಿಕೆಯಿಂದ, ಕೋಚಿಂಗ್ ಸೆಂಟರಿನ ಫ್ಲೆಕ್ಸಿನಿಂದ, ಸ್ಫೂರ್ತಿ ತುಂಬಲು ಬಂದ ಅತಿಥಿಯ ಭಾಷಣದಿಂದ ಅದು ದಿನವೂ ಮಕ್ಕಳ ತಲೆಯ ಮೇಲೆ ಬೀಳುತ್ತಿದೆ. ಆ ಮಾತು ಸಿನಿಮಾವನ್ನು ತಲೆಕೆಳಗಾಗಿ ಓದುತ್ತದೆ. ಹಾಗೆ ಓದುವುದರಿಂದ ದೊಡ್ಡವರಿಗೆ ಲಾಭವಿದೆ ಎಂಬುದು ನನ್ನ ಆರೋಪ.

ಸಂಶೋಧನೆಯ ಕೆಲಸಕ್ಕೆಂದು ಕಡೂರು, ತರೀಕೆರೆ, ಅಜ್ಜಂಪುರಗಳ ಶಾಲೆಗಳಿಗೆ ಓಡಾಡುವವಳು ನಾನು. ನಕ್ಷೆಯಲ್ಲಿ ಮೂರೂ ಹತ್ತಿರ ಹತ್ತಿರ. ಕಡೂರು ಬಿಟ್ಟು ಬೀರೂರಿಗೆ ಬಂದರೆ ರೈಲು ಹಳಿ ಕವಲೊಡೆಯುತ್ತದೆ. ಒಂದು ತರೀಕೆರೆಯ ಮೇಲೆ ಶಿವಮೊಗ್ಗಕ್ಕೆ, ಇನ್ನೊಂದು ಅಜ್ಜಂಪುರದ ಮೇಲೆ ಹುಬ್ಬಳ್ಳಿಯ ಕಡೆಗೆ. ಒಂದು ಕಡೆ ತೆಂಗು, ರಾಗಿ; ಒಂದು ಕಡೆ ಅಡಿಕೆ ತೋಟ; ಇನ್ನೊಂದು ಕಡೆ ಈರುಳ್ಳಿ ಹೊಲ. ಚಿಕ್ಕಮಗಳೂರು ಜಿಲ್ಲೆ ಎಂದರೆ ಹೊರಗಿನವರಿಗೆ ಕಾಫಿ, ಮಂಜು, ಹೋಂಸ್ಟೇ. ಈ ಮೂರು ಊರುಗಳ ಬಹುಪಾಲಿಗೆ ಅದು ಯಾವುದೂ ಇಲ್ಲ. ಇಲ್ಲಿನ ಒಂಬತ್ತನೇ ತರಗತಿಯ ಮಕ್ಕಳಿಗೆ ಈ ಸಿನಿಮಾಗಳು ಚೆನ್ನಾಗಿ ಗೊತ್ತು. ಪೂರ್ತಿ ನೋಡಿದವರು ಕಮ್ಮಿ. ಹಿಂದಿಗೆ ಡಬ್ ಆದ ತುಣುಕುಗಳನ್ನು ಅಪ್ಪನ ಮೊಬೈಲಿನಲ್ಲಿ ನೋಡಿದವರೇ ಹೆಚ್ಚು. ಆದರೂ ಕಥೆಯನ್ನು ಅವರು ಸಲೀಸಾಗಿ ಜೋಡಿಸಿ ಹೇಳಬಲ್ಲರು.

ಎಲ್ಲರಿಗೂ ಗೊತ್ತಿರುವುದು 1984ರ ‘ದಿ ಕರಾಟೆ ಕಿಡ್’. ನಿರ್ದೇಶಕ ಜಾನ್ ಜಿ. ಅವಿಲ್ಡ್‌ಸನ್, ಅದಕ್ಕೂ ಮೊದಲು 1976ರಲ್ಲಿ ‘ರಾಕಿ’ ಮಾಡಿ ಆಸ್ಕರ್ ಪಡೆದವರು. ಚಿತ್ರಕಥೆ ಬರೆದ ರಾಬರ್ಟ್ ಮಾರ್ಕ್ ಕೇಮನ್ ಹದಿಹರೆಯದಲ್ಲಿ ಪುಂಡರ ಗುಂಪಿನಿಂದ ಏಟು ತಿಂದು, ಆಮೇಲೆ ಓಕಿನಾವಾದ ಗೋಜು-ರ್ಯು ಕರಾಟೆ ಕಲಿತವರು. ಮುದುಕನಿಗೆ ಅವರಿಟ್ಟ ಮಿಯಾಗಿ ಎಂಬ ಹೆಸರು ಆ ಪದ್ಧತಿಯ ಸ್ಥಾಪಕ ಚೋಜುನ್ ಮಿಯಾಗಿಯವರದು. 2010ರಲ್ಲಿ ಇದೇ ಕಥೆ ಬೀಜಿಂಗ್‌ಗೆ ಹೋಯಿತು, ಜಾಕಿ ಚಾನ್ ಗುರುವಾದರು. ಹೆಸರು ಕರಾಟೆ, ಕಲಿಸುವುದು ಕುಂಗ್‌ಫು. 2018ರಲ್ಲಿ ಶುರುವಾದ ‘ಕೋಬ್ರಾ ಕಾಯ್’ ಸರಣಿ ಹಳೆಯ ಜಗಳವನ್ನು ಮುಂದಿನ ತಲೆಮಾರಿಗೆ ದಾಟಿಸಿತು.

ನಮ್ಮಲ್ಲೂ ಈ ಅಚ್ಚು ಇದೆ. ಶಂಕರ್‌ನಾಗ್ ಅವರನ್ನು ಜನ ಕರಾಟೆ ಕಿಂಗ್ ಎಂದು ಕರೆದರು, ಇವತ್ತಿಗೂ ಆಟೋ ನಿಲ್ದಾಣಗಳಲ್ಲಿ ಅವರ ಚಿತ್ರ ಇಳಿದಿಲ್ಲ. ತೆಲುಗಿನ ‘ತಮ್ಮುಡು’ 2001ರಲ್ಲಿ ಶಿವರಾಜ್‌ಕುಮಾರ್ ಅವರ ‘ಯುವರಾಜ’ ಆಗಿ ಬಂತು. 2004ರಲ್ಲಿ ಪುನೀತ್ ‘ಮೌರ್ಯ’ದಲ್ಲಿ ಬಾಕ್ಸಿಂಗ್ ರಿಂಗಿಗೆ ಇಳಿದರು, 2019ರಲ್ಲಿ ಸುದೀಪ್ ‘ಪೈಲ್ವಾನ್’ ಆದರು. ಆದರೆ ಗಮನಿಸಿ, ನಮ್ಮ ಸಿನಿಮಾಗಳಲ್ಲಿ ರಿಂಗಿಗೆ ಇಳಿಯುವ ಹೊತ್ತಿಗೆ ಹುಡುಗ ಆಗಲೇ ಸ್ಟಾರ್ ಆಗಿರುತ್ತಾನೆ. ಅವನ ತೋಳು ತುಂಬಿರುತ್ತದೆ, ಅವನಿಗೊಂದು ಪರಿಚಯದ ಹಾಡು ಇರುತ್ತದೆ. ಅವನು ಸೋಲಬಹುದು ಎಂಬ ಭಯ ಒಂದು ಗಳಿಗೆಯೂ ಹುಟ್ಟುವುದಿಲ್ಲ. ಹದಿನಾಲ್ಕು ವಯಸ್ಸಿನ, ದನಿ ಒಡೆಯುತ್ತಿರುವ, ಮೈ ಇನ್ನೂ ತುಂಬದ ಹುಡುಗ ಹುಡುಗಿಯರಿಗೆ ತಮ್ಮ ಅಳತೆಯ ನಾಯಕ ಕನ್ನಡದಲ್ಲಿ ಸಿಗುವುದಿಲ್ಲ. ಅವರು ಹಿಂದಿ ಡಬ್ಬಿಂಗಿನ ಅಮೆರಿಕದ ಹುಡುಗನ ಬಳಿ ಹೋಗುವುದಕ್ಕೆ ಇದೂ ಒಂದು ಕಾರಣ.

ಹಾಗಾದರೆ ಅವರಿಗೆ ಅಲ್ಲಿ ಸಿಗುವುದೇನು? ಹೊಡೆದಾಟ ಎಂದು ಸುಲಭವಾಗಿ ಹೇಳಿಬಿಡಬಹುದು. ಹೊಡೆದಾಟ ಬೇಕಾದರೆ ಅದಕ್ಕಿಂತ ಜೋರಾದದ್ದು ಪ್ರತಿ ಶುಕ್ರವಾರ ಸಿಗುತ್ತದೆ. ಯಾವ ಸೀನ್ ಇಷ್ಟ ಎಂದು ನಾನು ಕೇಳಿದಾಗಲೆಲ್ಲ ಮಕ್ಕಳು ಕೊನೆಯ ಒದೆತದ ಜೊತೆಗೇ ಇನ್ನೊಂದನ್ನು ಹೇಳಿದ್ದಾರೆ: ಕಾರು ಒರೆಸುವುದು, ಬೇಲಿಗೆ ಬಣ್ಣ ಬಳಿಯುವುದು. ಮಿಯಾಗಿ ಹುಡುಗನಿಂದ ದಿನಗಟ್ಟಲೆ ಇದೇ ಕೆಲಸ ಮಾಡಿಸುತ್ತಾನೆ. ಹುಡುಗ ಸಿಟ್ಟಿಗೇಳುತ್ತಾನೆ, ನಾನೇನು ನಿನ್ನ ಆಳಾ ಎನ್ನುತ್ತಾನೆ. ಆಗ ಮುದುಕ ಗುದ್ದಲು ಬರುತ್ತಾನೆ. ಹುಡುಗನ ಕೈ ತಾನಾಗಿ ಮೇಲೆದ್ದು ಗುದ್ದನ್ನು ತಡೆಯುತ್ತದೆ. ಒರೆಸಿದ ಕೈ, ಬಳಿದ ಕೈ, ಉಜ್ಜಿದ ಕೈ ತನಗೇ ಗೊತ್ತಿಲ್ಲದೆ ವಿದ್ಯೆ ಕಲಿತಿರುತ್ತದೆ.

ಅಜ್ಜಂಪುರದ ಕಡೆಯ ಹುಡುಗಿಯೊಬ್ಬಳು ಇದನ್ನು ನನಗೆ ಬಿಡಿಸಿ ಹೇಳಿದಳು: “ಅಕ್ಕಾ, ಅವ್ನು ಮಾಡಿದ್ ಕೆಲ್ಸ ಒಂದೂ ದಂಡ ಆಗ್ಲಿಲ್ಲ ನೋಡಿ.” ಶಾಲೆಗೆ ಬರುವ ಮೊದಲು ಕೊಟ್ಟಿಗೆ ಬಾಚಿ, ನೀರು ಹೊತ್ತು, ಶಾಲೆಯಿಂದ ಹೋದ ಮೇಲೆ ಈರುಳ್ಳಿ ಕೊಯ್ಲಿನ ಕಾಲವಾದರೆ ಹೊಲಕ್ಕೆ ಇಳಿಯುವ ಹುಡುಗಿ ಹೇಳಿದ ಮಾತಿದು. ಅವಳ ತೋಳಿಗೂ ಅಭ್ಯಾಸವಾಗಿದೆ, ಸೊಂಟಕ್ಕೂ ಅಭ್ಯಾಸವಾಗಿದೆ. ಆದರೆ ಒಂದು ಸಂಜೆ ಅವಳ ಎದುರು ನಿಂತು, ನೀನು ಇಷ್ಟು ದಿನ ಮಾಡಿದ್ದು ಇದಕ್ಕೆ ಎಂದು ತೋರಿಸಿಕೊಡುವವರು ಯಾರೂ ಇಲ್ಲ. ಅವಳ ಕೆಲಸ ಕೆಲಸವಾಗಿಯೇ ಮುಗಿದುಹೋಗುತ್ತದೆ. ಪರದೆಯ ಮೇಲೆ ಆ ಕೈ ಮೇಲೆದ್ದು ಗುದ್ದನ್ನು ತಡೆದಾಗ ಅವಳಿಗೆ ಆಗುವ ಸಂತೋಷ ಹೊಡೆದಾಟ ನೋಡಿದ ಸಂತೋಷವಲ್ಲ. ದುಡಿಮೆಗೆ ಕೊನೆಗೂ ಲೆಕ್ಕ ಸಿಕ್ಕ ಸಂತೋಷ ಅದು.

ಎರಡನೆಯ ಕಾರಣ, ಅಲ್ಲಿ ಎದುರಾಳಿಗೆ ಮುಖವಿದೆ. ಹುಡುಗನ ಕಷ್ಟವೆಲ್ಲ ಒಬ್ಬನೇ ಮನುಷ್ಯನಾಗಿ ಚಾಪೆಯ ಮೇಲೆ ಬಂದು ನಿಲ್ಲುತ್ತದೆ. ಅವನಿಗೆ ಹೆಸರಿದೆ, ಅವನನ್ನು ಮುಟ್ಟಬಹುದು, ಅಂಕ ಎಣಿಸಲು ರೆಫರಿ ಇದ್ದಾನೆ. ನಮ್ಮ ಮಕ್ಕಳ ಎದುರಾಳಿಗಳಿಗೆ ಮುಖವೇ ಇಲ್ಲ. ಬಾರದ ಬಸ್ಸು, ಎರಡು ವರ್ಷದಿಂದ ಮೇಷ್ಟರಿಲ್ಲದ ವಿಷಯ, ಬತ್ತಿದ ಬೋರ್‌ವೆಲ್, ಪಿಯುಸಿಗೆ ಹೋದ ದಿನವೇ ಎದುರಾಗುವ ಇಂಗ್ಲಿಷು, ಇವನ್ನು ಯಾವ ಪಟ್ಟು ಹಾಕಿ ಕೆಡವುವುದು? ಎರಡು ಗಂಟೆಯ ಮಟ್ಟಿಗಾದರೂ ಕಷ್ಟಕ್ಕೊಂದು ಮುಖ ಕೊಟ್ಟು, ಅದು ಬೀಳುವುದನ್ನು ಕಣ್ಣಾರೆ ತೋರಿಸುವ ಸಿನಿಮಾವನ್ನು ಮಕ್ಕಳು ಮೆಚ್ಚಿದರೆ ಅದು ದಡ್ಡತನವಲ್ಲ.

ಮೂರನೆಯದು ಎಲ್ಲಕ್ಕಿಂತ ದೊಡ್ಡದು, ಬುದ್ಧಿ ಹೇಳುವವರು ಬೇಕೆಂದೇ ನುಂಗಿಹಾಕುವುದೂ ಅದನ್ನೇ. ಆ ಹುಡುಗ ತಾನೊಬ್ಬನೇ ಕಷ್ಟಪಟ್ಟು ಗೆಲ್ಲುವುದಿಲ್ಲ. ಸಿನಿಮಾದ ಮೊದಲ ಭಾಗದಲ್ಲಿ ಅವನು ಪುಸ್ತಕ ನೋಡಿಕೊಂಡು ತಾನೇ ಅಭ್ಯಾಸ ಮಾಡುತ್ತಾನೆ. ಅದರಿಂದ ಏನೂ ಗಿಟ್ಟುವುದಿಲ್ಲ, ಏಟು ತಪ್ಪುವುದಿಲ್ಲ. ಅವನ ಬದುಕು ತಿರುಗುವುದು ದೊಡ್ಡವನೊಬ್ಬ ತನ್ನ ಸಂಜೆಗಳನ್ನು ಅವನಿಗೆ ಕೊಟ್ಟಾಗ. ಮಿಯಾಗಿ ಒಂದು ಕಾಸು ಕೇಳುವುದಿಲ್ಲ. ಅವನು ಅಪಾರ್ಟ್‌ಮೆಂಟಿನಲ್ಲಿ ನಲ್ಲಿ ರಿಪೇರಿ ಮಾಡುವ ಕೆಲಸಗಾರ. ಹೆಂಡತಿ ಮತ್ತು ಮಗುವನ್ನು ಯುದ್ಧಕಾಲದ ಬಂಧನ ಶಿಬಿರದಲ್ಲಿ ಹೆರಿಗೆಯ ಹೊತ್ತಿನಲ್ಲಿ ಕಳೆದುಕೊಂಡವನು. ಆ ಪಾತ್ರ ಮಾಡಿ ಆಸ್ಕರ್ ನಾಮನಿರ್ದೇಶನ ಪಡೆದ ಪ್ಯಾಟ್ ಮೊರಿಟಾ ಸ್ವತಃ ಬಾಲ್ಯದಲ್ಲಿ ಅಂಥದೇ ಶಿಬಿರದಲ್ಲಿ ಇದ್ದವರು. ದೇಶದಿಂದ ಏಟು ತಿಂದ ಮನುಷ್ಯ ಪಕ್ಕದ ಮನೆಯ ಹುಡುಗನಿಗೆ ಕಲಿಸುವ ಕಥೆ ಅದು.

ಇನ್ನೂ ಒಂದು ಸಂಗತಿ ಇದೆ, ಅದನ್ನು ಯಾವ ಭಾಷಣದಲ್ಲೂ ಕೇಳಿದ ನೆನಪು ನನಗಿಲ್ಲ. ಐದು ಜನ ಸೇರಿ ಹುಡುಗನನ್ನು ಹೊಡೆಯುತ್ತಿದ್ದಾಗ ಮಿಯಾಗಿ ಬೇಲಿ ಹಾರಿ ಬಂದು ಮೊದಲು ಹೊಡೆತ ನಿಲ್ಲಿಸುತ್ತಾನೆ. ಆಮೇಲೆ ಹುಡುಗನನ್ನು ಕರೆದುಕೊಂಡು ಆ ಹುಡುಗರ ಗುರುವಿನ ಬಳಿಗೇ ಹೋಗುತ್ತಾನೆ. ಪಂದ್ಯದ ದಿನದವರೆಗೆ ಇವನ ತಂಟೆಗೆ ಬರಬಾರದು ಎಂದು ಮಾತು ಪಡೆಯುತ್ತಾನೆ. ಅದಾದ ಮೇಲೆ ಪಾಠ. ಮಗುವಿನ ಮೇಲಿನ ಏಟನ್ನು ಮೊದಲು ದೊಡ್ಡವರು ತಡೆಯಬೇಕು, ಕಲಿಸುವುದು ಆಮೇಲೆ ಎಂಬ ಕ್ರಮ ಸಿನಿಮಾದಲ್ಲಿ ಸ್ಪಷ್ಟವಾಗಿದೆ. ನಮ್ಮ ಉಪದೇಶಕರು ಮೊದಲಿನ ಎರಡು ಮೆಟ್ಟಿಲು ಕಿತ್ತುಹಾಕಿ, ಮೂರನೆಯದರ ಮೇಲೆ ಮಗುವನ್ನು ನಿಲ್ಲಿಸಿ ಹತ್ತು ಎನ್ನುತ್ತಾರೆ.

ಈ ಕಥೆ ನಮಗೆ ಹೊರಗಿನದೂ ಅಲ್ಲ. ತರೀಕೆರೆಯ ಹತ್ತಿರದ ಅಮೃತಾಪುರಕ್ಕೆ ಹೋಗಿ ನೋಡಿ. ವೀರಬಲ್ಲಾಳನ ದಂಡನಾಯಕ 1196ರಲ್ಲಿ ಕಟ್ಟಿಸಿದ ಅಮೃತೇಶ್ವರ ದೇವಾಲಯದ ಶಿಖರದ ಮುಂದೆ ಹೊಯ್ಸಳರ ಲಾಂಛನವಿದೆ: ಮೃಗದ ಮೇಲೆ ಎರಗಿದ ಸಳ. ಐತಿಹ್ಯದ ಪ್ರಕಾರ ಅವನು ಗುರುಕುಲದ ಹುಡುಗ, ಎದುರಿಗೆ ಇದ್ದದ್ದು ಹುಲಿ ಅಥವಾ ಸಿಂಹ. ಹೊಯ್ ಎಂದು ಕೂಗಿದವರು ಗುರು ಸುದತ್ತಮುನಿ. ಒಂದು ರಾಜವಂಶದ ಹೆಸರೇ ಗುರು ಶಿಷ್ಯರಿಬ್ಬರ ಪಾಲಿನಿಂದ ಆಗಿದೆ. ಗುರುವಿನ ಮಾತು, ಹುಡುಗನ ಹೆಸರು. ಸಳ ಒಬ್ಬನೇ ಕಷ್ಟಪಟ್ಟ ಎಂದು ಯಾರೂ ಕಥೆ ಹೇಳಲಿಲ್ಲ.

ಅದೇ ದೇವಾಲಯದ ಗೋಡೆಯ ಮೇಲೆ ಬಾಲಕೃಷ್ಣನ ಕಥೆಯ ಶಿಲ್ಪಗಳೂ ಇವೆ. ಕೃಷ್ಣ ಬಲರಾಮರು ಮಥುರೆಗೆ ಹೋಗಿ ಕಂಸನ ಮಲ್ಲರಾದ ಚಾಣೂರ ಮುಷ್ಟಿಕರನ್ನು ಕೆಡವಿದ್ದು ನಮ್ಮ ಎಲ್ಲ ಪೈಲ್ವಾನ್ ಕಥೆಗಳಿಗೂ ಮೂಲ. ಭಾಗವತದಲ್ಲಿ ಆ ಕುಸ್ತಿ ನಡೆಯುವಾಗ ನೋಡಲು ಬಂದ ಹೆಂಗಸರು ತಕರಾರು ಎತ್ತುತ್ತಾರೆ: ಬೆಟ್ಟದಂಥ ಮಲ್ಲರೆಲ್ಲಿ, ಈ ಎಳೆಯ ಹುಡುಗರೆಲ್ಲಿ, ಇಂಥ ಸಭೆಯಲ್ಲಿ ಕೂತು ನೋಡುವುದೇ ಅಧರ್ಮ ಎನ್ನುತ್ತಾರೆ. ಕೃಷ್ಣ ಗೆಲ್ಲುತ್ತಾನೆ, ಸರಿ, ಅವನು ದೇವರು. ಆದರೆ ಆ ಹೆಂಗಸರ ಮಾತನ್ನು ಕಥೆ ಅಳಿಸಿಹಾಕಲಿಲ್ಲ. ಸಣ್ಣವನು ದೊಡ್ಡವನನ್ನು ಗೆದ್ದದ್ದು ಎಷ್ಟು ನೆನಪಿರಬೇಕೋ, ಅವರಿಬ್ಬರನ್ನು ಎದುರು ಬದುರು ನಿಲ್ಲಿಸಿದ್ದೇ ತಪ್ಪು ಎಂಬುದೂ ಅಷ್ಟೇ ನೆನಪಿರಬೇಕು ಎಂದು ಕಥೆ ಕಟ್ಟಿದವರಿಗೆ ಗೊತ್ತಿತ್ತು.

ನಮ್ಮ ಗರಡಿಯವರಿಗೂ ಅದು ಗೊತ್ತಿತ್ತು. ಕುಸ್ತಿಯಲ್ಲಿ ಜೋಡಿ ಕಟ್ಟುವುದು ಎಂಬುದೊಂದಿದೆ. ಮೈಸೂರು ದಸರಾ ಕುಸ್ತಿಗೆ ಮುಂಚೆ ಇವತ್ತಿಗೂ ಅದು ನಡೆಯುತ್ತದೆ. ಜಾತ್ರೆಯ ಬಯಲು ಕುಸ್ತಿಯಲ್ಲೂ ನಡೆಯುತ್ತದೆ. ಉಸ್ತಾದರು, ಹಿರಿಯ ಪೈಲ್ವಾನರು ಕೂತು ಹುಡುಗರನ್ನು ಒಬ್ಬೊಬ್ಬರಾಗಿ ಕರೆಯುತ್ತಾರೆ. ತೂಕ, ವಯಸ್ಸು, ಎಷ್ಟು ದಿನದ ಸಾಮು ಎಂದು ನೋಡುತ್ತಾರೆ. ಸರಿಸಮ ಕಂಡರೆ ಇಬ್ಬರ ಕೈ ಹಿಡಿಸಿ ಜೋಡಿ ಎನ್ನುತ್ತಾರೆ, ಕಾಣದಿದ್ದರೆ ಬೇರೆಯವನನ್ನು ಕರೆಯುತ್ತಾರೆ. ಅಖಾಡದ ಮಣ್ಣಿನ ಮೇಲೆ ಸೆಣಸಾಟ ಶುರುವಾಗುವ ಎಷ್ಟೋ ಮೊದಲೇ ನ್ಯಾಯದ ಅರ್ಧ ಕೆಲಸ ಅಲ್ಲಿ ಮುಗಿದಿರುತ್ತದೆ. ಅಳತೆ ಮೀರಿದ ಜೋಡಿ ಬಿಟ್ಟರೆ ಹೆಸರು ಕೆಡುವುದು ಸೋತ ಹುಡುಗನದ್ದಲ್ಲ, ಜೋಡಿ ಕಟ್ಟಿದವರದು.

ಗರಡಿಯನ್ನು ನಾನು ಸುಮ್ಮನೆ ಹೊಗಳುತ್ತಿಲ್ಲ. ಆ ಬಾಗಿಲು ಹೆಣ್ಣುಮಕ್ಕಳಿಗೆ ತೆರೆದಿರಲಿಲ್ಲ, ಎಲ್ಲ ಕೇರಿಯ ಹುಡುಗರಿಗೂ ಎಲ್ಲ ಊರಿನಲ್ಲಿ ತೆರೆದಿರಲಿಲ್ಲ. ಒಳಗೆ ಬಿಟ್ಟುಕೊಂಡವರ ನಡುವೆ ಸಮ ನೋಡಿದವರು, ಯಾರನ್ನು ಒಳಗೆ ಬಿಡಬೇಕು ಎನ್ನುವಲ್ಲಿ ಸಮ ನೋಡಲಿಲ್ಲ. ಆದರೂ ಅವರ ಆ ಒಂದು ರೂಢಿಯನ್ನು ನಾನು ಎತ್ತಿಕೊಳ್ಳುತ್ತೇನೆ, ಯಾಕೆಂದರೆ ನಮ್ಮ ಕಾಲದ ವಿದ್ಯಾವಂತರಲ್ಲಿ ಅದೂ ಇಲ್ಲ. ಮೇಷ್ಟರಿಲ್ಲದ ಶಾಲೆಯ ಹುಡುಗಿಯನ್ನೂ, ಎರಡು ಕೋಚಿಂಗಿಗೆ ಹೋಗುವ ನಗರದ ಹುಡುಗನನ್ನೂ ಒಂದೇ ಪರೀಕ್ಷೆಯ ಎದುರು ನಿಲ್ಲಿಸಿ, ಅವಳು ಸೋತರೆ ಸಾಲದಷ್ಟು ಕಷ್ಟಪಡಲಿಲ್ಲ ಎನ್ನುತ್ತೇವೆ. ಸಾವಿರದಲ್ಲಿ ಒಬ್ಬಳು ಗೆದ್ದರೆ ಅವಳ ಫೋಟೋ ಫ್ಲೆಕ್ಸಿಗೆ ಬರುತ್ತದೆ. ಸಣ್ಣವರು ಗೆಲ್ಲುವ ಕಥೆಯನ್ನು ದೊಡ್ಡವರು ಇಷ್ಟು ಪ್ರೀತಿಯಿಂದ ಹೇಳುವುದು ಇದಕ್ಕೇ. ಆ ಒಂದು ಗೆಲುವನ್ನು ತೋರಿಸಿದರೆ ಜೋಡಿ ಕಟ್ಟುವ ಕೆಲಸ ತಪ್ಪಿಸಿಕೊಳ್ಳಬಹುದು.

ಸಿನಿಮಾದಿಂದ ನಾವು ಕಲಿತ ಇನ್ನೊಂದು ಕೆಟ್ಟ ಪಾಠ ಅವಸರದ್ದು. ಈ ಸಿನಿಮಾಗಳಲ್ಲಿ ತರಬೇತಿಯ ಹಾಡು ಒಂದಿರುತ್ತದೆ. ಮೂರು ನಾಲ್ಕು ನಿಮಿಷದಲ್ಲಿ ಸೂರ್ಯ ಹತ್ತು ಸಲ ಹುಟ್ಟಿ ಮುಳುಗುತ್ತಾನೆ, ಹುಡುಗ ಬೆವರುತ್ತಾನೆ, ಹಾಡು ಮುಗಿಯುವಾಗ ಸಿದ್ಧನಾಗಿರುತ್ತಾನೆ. ಅದು ಸಿನಿಮಾದ ಅನುಕೂಲ. ಅದನ್ನೇ ಯೋಜನೆ ಮಾಡಿಕೊಂಡರೆ ಏನಾಗುತ್ತದೆ ಎಂದು ನೋಡಬೇಕಾದರೆ ಸರ್ಕಾರಿ ಶಾಲೆಗೆ ಬನ್ನಿ. ಸಮಗ್ರ ಶಿಕ್ಷಾ ಅಡಿಯಲ್ಲಿ 6ರಿಂದ 12ನೇ ತರಗತಿಯ ಹೆಣ್ಣುಮಕ್ಕಳಿಗೆ ರಾಣಿ ಲಕ್ಷ್ಮೀಬಾಯಿ ಹೆಸರಿನ ಆತ್ಮರಕ್ಷಣಾ ತರಬೇತಿ ಇದೆ. ಶಾಲೆಗೆ ತಿಂಗಳಿಗೆ 5,000 ರೂಪಾಯಿಯಂತೆ ಮೂರು ತಿಂಗಳು. ವರ್ಷವೊಂದಕ್ಕೆ 15,000. ಕರಾಟೆ ಮಾಸ್ಟರ್ ವಾರಕ್ಕೆ ಕೆಲವು ದಿನ ಬರುತ್ತಾರೆ, ಮೂರು ತಿಂಗಳಾದ ಮೇಲೆ ಬರುವುದಿಲ್ಲ. ಅದು ಅವರ ತಪ್ಪಲ್ಲ. ಅಷ್ಟು ದುಡ್ಡಿಗೆ ಊರೂರು ತಿರುಗುವವರು ಮತ್ತೆಷ್ಟು ದಿನ ಬಂದಾರು?

ತರೀಕೆರೆಯ ಕಡೆ ಒಂದು ಶಾಲೆಯಲ್ಲಿ ಹುಡುಗಿಯರು ನನಗೆ ತಾವು ಕಲಿತದ್ದನ್ನು ಮಾಡಿ ತೋರಿಸಿದರು. ಸಾಲಾಗಿ ನಿಂತು, ಹತ್ತರವರೆಗೆ ಜಪಾನಿ ಭಾಷೆಯಲ್ಲಿ ಎಣಿಸಿ, ಗಾಳಿಗೆ ಗುದ್ದಿದರು. ದನಿಯಲ್ಲಿ ಖುಷಿ ಇತ್ತು, ಕಣ್ಣಲ್ಲಿ ಹೊಳಪಿತ್ತು. ಮುಂದೇನು ಎಂದೆ. “ಮುಗೀತಲ್ಲಕ್ಕಾ” ಎಂದರು. ಮತ್ತೆ ಯಾವಾಗ ಎಂದರೆ, ಮುಂದಿನ ವರ್ಷ ದುಡ್ಡು ಬಂದರೆ ಇದೇ ಒಂದರಿಂದ ಹತ್ತು. ಅಜ್ಜಂಪುರದಲ್ಲಿ ಅಮೃತಮಹಲ್ ತಳಿ ಸಂವರ್ಧನ ಕೇಂದ್ರವಿದೆ. ಚಿಕ್ಕದೇವರಾಜ ಒಡೆಯರ ಬೆಣ್ಣೆ ಚಾವಡಿಯಿಂದ, ಟಿಪ್ಪುವಿನ ಅಮೃತಮಹಲಿನಿಂದ ಬಂದ ಪರಂಪರೆ ಅದು. ಹೋರಿಗಳ ಮೈ ಬೆಳೆಸಲು ವರ್ಷವಿಡೀ ಮೇವು, ಕಾವಲು, ಸಿಬ್ಬಂದಿ ಬೇಕೆಂದು ಅರಸರಿಗೂ ಗೊತ್ತಿತ್ತು, ಸರ್ಕಾರಕ್ಕೂ ಗೊತ್ತಿದೆ. ಹೆಣ್ಣುಮಕ್ಕಳ ಮೈಗೆ ಮಾತ್ರ ಮೂರು ತಿಂಗಳು ಸಾಕು.

ಸಾಕೇ ಸಾಕು ಎಂದೇ ಇಟ್ಟುಕೊಳ್ಳೋಣ. ಮೂರು ವರ್ಷ ಕಲಿಸಿದರೂ ಆತ್ಮರಕ್ಷಣೆ ಎಂಬ ಹೆಸರೇ ನನಗೆ ಗಂಟಲಲ್ಲಿ ಸಿಕ್ಕಿಕೊಳ್ಳುತ್ತದೆ. ನಿನ್ನ ರಕ್ಷಣೆ ನಿನ್ನದು ಎಂಬ ಕೈ ತೊಳೆಯುವ ಮಾತು ಅದರಲ್ಲಿದೆ. ಈ ದೇಶದಲ್ಲಿ ಎದುರಾಳಿಯನ್ನು ನೆಲಕ್ಕೆ ಕೆಡವುವುದನ್ನು ಸಾಕ್ಷಿ ಮಲಿಕ್ ಅವರಿಗಿಂತ ಚೆನ್ನಾಗಿ ಬಲ್ಲ ಹೆಣ್ಣುಮಕ್ಕಳು ಎಷ್ಟು ಮಂದಿ ಇದ್ದಾರೆ? 2016ರ ರಿಯೊ ಒಲಿಂಪಿಕ್ಸ್‌ನಲ್ಲಿ ಕಂಚು ಗೆದ್ದವರು, ಕುಸ್ತಿಯಲ್ಲಿ ಒಲಿಂಪಿಕ್ ಪದಕ ತಂದ ಭಾರತದ ಮೊದಲ ಮಹಿಳೆ. ವಿನೇಶ್ ಫೋಗಟ್ ವಿಶ್ವ ಚಾಂಪಿಯನ್‌ಷಿಪ್‌ನಲ್ಲಿ ಎರಡು ಸಲ ಪದಕ ಗೆದ್ದವರು. 2023ರ ಜನವರಿಯಲ್ಲಿ ಅವರು ತಮ್ಮ ಒಕ್ಕೂಟದ ಅಧ್ಯಕ್ಷರ ಮೇಲೆ ಲೈಂಗಿಕ ಕಿರುಕುಳದ ಆರೋಪ ಹೊರಿಸಿ ದೆಹಲಿಯ ಜಂತರ್ ಮಂತರ್‌ನಲ್ಲಿ ಧರಣಿ ಕೂತರು. ಮೇ 28ರಂದು ಪೊಲೀಸರು ಅವರನ್ನು ರಸ್ತೆಯಿಂದ ಎಳೆದೊಯ್ದರು. ಡಿಸೆಂಬರಿನಲ್ಲಿ ಸಾಕ್ಷಿ ತಮ್ಮ ಕುಸ್ತಿಯ ಬೂಟುಗಳನ್ನು ಪತ್ರಕರ್ತರ ಎದುರು ಮೇಜಿನ ಮೇಲಿಟ್ಟು ಎದ್ದುಹೋದರು. ಅಧಿಕಾರದ ಎದುರು ಯಾವ ಪಟ್ಟು ನಡೆಯಿತು? ಅವರಿಗೆ ಬೇಕಾಗಿದ್ದದ್ದು ತೋಳಿನ ಬಲವಲ್ಲ. ಬೇಲಿ ಹಾರಿ ಬಂದು ಹೊಡೆತ ನಿಲ್ಲಿಸುವ ದೊಡ್ಡವರು ಬೇಕಾಗಿದ್ದರು. ಮುಂದಿನ ವರ್ಷ ಪ್ಯಾರಿಸ್‌ನಲ್ಲಿ ವಿನೇಶ್ ಫೈನಲ್‌ನ ಬೆಳಿಗ್ಗೆ 100 ಗ್ರಾಂ ಹೆಚ್ಚು ತೂಗಿದ್ದಕ್ಕೆ ಅನರ್ಹರಾದರು. ಅಖಾಡದ ತಕ್ಕಡಿ 100 ಗ್ರಾಮನ್ನೂ ಬಿಡದೆ ಹಿಡಿಯುತ್ತದೆ. ಹೊರಗಿನ ತಕ್ಕಡಿಗೆ ಹೆಣ್ಣುಮಕ್ಕಳ ದೂರು ತೂಗುವುದಕ್ಕೇ ಬರುವುದಿಲ್ಲ.

ಹಾಗೆಂದು ಕರಾಟೆ ಬೇಡ, ಕುಸ್ತಿ ಬೇಡ ಎಂದು ನಾನು ಹೇಳಿದ ಹಾಗಾಗಬಾರದು. ಆ ಶಾಲೆಯ ಹುಡುಗಿಯರ ಕಣ್ಣಿನ ಹೊಳಪು ಸುಳ್ಳಲ್ಲ. ದನಿ ಎತ್ತಿ ಕೂಗಲು, ಕಾಲು ಅಗಲಿಸಿ ಗಟ್ಟಿಯಾಗಿ ನಿಲ್ಲಲು ಅವರಿಗೆ ಇದುವರೆಗೆ ಯಾರೂ ಹೇಳಿರಲಿಲ್ಲ. ಕೂಗಬೇಡ, ಕಾಲು ಸೇರಿಸಿ ಕೂತುಕೋ ಎಂದೇ ಹೇಳಿದ್ದರು. ಧೈರ್ಯ ಬರುತ್ತದಲ್ಲ ಎಂದು ವಾದಿಸುವವರ ಮಾತು ನಿಜ, ಬರುತ್ತದೆ. ಅದಕ್ಕೇ ನನ್ನ ಸಿಟ್ಟು ಜಾಸ್ತಿ. ಬಂದ ಧೈರ್ಯವನ್ನು ಮೂರನೇ ತಿಂಗಳ ಕೊನೆಗೆ ಬೀಗ ಹಾಕಿ ಮನೆಗೆ ಕಳಿಸುತ್ತೇವೆ. ಕಡೂರಿನಂಥ ಪಟ್ಟಣದಲ್ಲಿ ಖಾಸಗಿ ಕ್ಲಾಸು ಸಿಗಬಹುದು. ತಿಂಗಳ ಶುಲ್ಕ, ಬಿಳಿ ಸಮವಸ್ತ್ರ, ಬೆಲ್ಟ್ ಪರೀಕ್ಷೆಗೆ ಬೇರೆ ಶುಲ್ಕ. ಕಲಿಸುವವರೂ ಬದುಕಬೇಕು, ಅವರನ್ನು ದೂರುವುದಿಲ್ಲ. ಆದರೆ ಸಂಜೆ ಆರರ ಮೇಲೆ ಬಸ್ಸಿಲ್ಲದ ಹಳ್ಳಿಯ ಹುಡುಗಿಗೆ ಆ ಕ್ಲಾಸು ಬೀಜಿಂಗಿನಷ್ಟೇ ದೂರ. ಇನ್ನು ಶಾಲೆಯ ಆಟದ ಅವಧಿ: ದೈಹಿಕ ಶಿಕ್ಷಣದ ಮೇಷ್ಟರ ಹುದ್ದೆ ಎಷ್ಟೋ ಕಡೆ ಖಾಲಿ, ತುಂಬಿದ ಕಡೆ ಎಸ್ಸೆಸ್ಸೆಲ್ಸಿ ಹತ್ತಿರ ಬಂತೆಂದು ಆ ಅವಧಿಯನ್ನು ಗಣಿತಕ್ಕೆ ಕೊಡಲಾಗಿರುತ್ತದೆ.

ಬುದ್ಧಿ ಹೇಳುವವರಿಗೆ ನಾನು ಇನ್ನೊಂದು ಸಿನಿಮಾ ಸೂಚಿಸುತ್ತೇನೆ. 1978ರಲ್ಲಿ ಹಾಂಕಾಂಗ್‌ನಲ್ಲಿ ಲಾವ್ ಕಾರ್-ಲಿಯುಂಗ್ ನಿರ್ದೇಶಿಸಿದ ‘ದಿ ಥರ್ಟಿಸಿಕ್ಸ್ತ್ ಚೇಂಬರ್ ಆಫ್ ಶಾವೊಲಿನ್’. ಮಂಚು ಆಡಳಿತದ ಕ್ರೌರ್ಯಕ್ಕೆ ಮನೆಯವರನ್ನು ಕಳೆದುಕೊಂಡ ವಿದ್ಯಾರ್ಥಿಯೊಬ್ಬ ಶಾವೊಲಿನ್ ಮಠಕ್ಕೆ ಓಡಿಬರುತ್ತಾನೆ. ಅಲ್ಲಿ ಮೂವತ್ತೈದು ಕೋಣೆಗಳಿವೆ, ಒಂದೊಂದರಲ್ಲಿ ಒಂದೊಂದು ವಿದ್ಯೆ. ತೋಳು ಚಾಚಿ ನೀರಿನ ಬಕೆಟ್ಟು ಹೊರುವುದರಿಂದ ಹಿಡಿದು ಎಲ್ಲವನ್ನೂ ಕಲಿಯಲು ಅವನಿಗೆ ವರ್ಷಗಳೇ ಹಿಡಿಯುತ್ತವೆ. ಸಿನಿಮಾ ತನ್ನ ಬಹುಭಾಗವನ್ನು ಆ ಕಲಿಕೆಗೇ ಕೊಡುತ್ತದೆ. ಎಲ್ಲ ಮುಗಿದ ಮೇಲೆ ಯಾವ ಕೋಣೆಯ ಮುಖ್ಯಸ್ಥನಾಗುತ್ತೀಯ ಎಂದು ಮಠದವರು ಕೇಳುತ್ತಾರೆ. ಅವನು ಮೂವತ್ತಾರನೆಯ ಕೋಣೆ ಬೇಕು ಎನ್ನುತ್ತಾನೆ. ಮಠದ ಹೊರಗಿನ ಸಾಮಾನ್ಯ ಜನಕ್ಕೆ ಕಲಿಸುವ ಕೋಣೆ. ಹಿರಿಯರು ಸುಲಭಕ್ಕೆ ಒಪ್ಪುವುದಿಲ್ಲ. ಕೊನೆಗೆ ಆ ಕೋಣೆ ಆಗುತ್ತದೆ. ಸಿನಿಮಾದ ಹೆಸರು ಅವನ ಗೆಲುವಿನದ್ದಲ್ಲ, ಆ ಕೋಣೆಯದು.

ನಾನು ಕೇಳುತ್ತಿರುವುದೂ ಅಷ್ಟೇ. ಅದಕ್ಕೆ ದೊಡ್ಡ ಕ್ರೀಡಾಂಗಣ ಬೇಕಿಲ್ಲ, ಶಂಕುಸ್ಥಾಪನೆಯ ಕಲ್ಲು ಬೇಕಿಲ್ಲ. ತಾಲ್ಲೂಕಿಗೆ ಒಂದಾದರೂ ಶಾಲೆಯ ಅಂಗಳ ಸಂಜೆ ಏಳರವರೆಗೆ ತೆರೆದಿರಬೇಕು, ದೀಪ ಉರಿಯಬೇಕು. ಕಲಿಸುವವರಿಗೆ ಹನ್ನೆರಡು ತಿಂಗಳ ಸಂಬಳ ಬೇಕು. ಕಲಿತ ಮಕ್ಕಳು ಊರಿಗೆ ಮರಳಲು ಒಂದು ಬಸ್ಸು ಬೇಕು. ಉಳಿದಿರುವ ಗರಡಿಗಳು ಎಲ್ಲ ಕೇರಿಯ ಹುಡುಗರಿಗೂ ಹುಡುಗಿಯರಿಗೂ ಬಾಗಿಲು ತೆಗೆಯಬೇಕು. ಮಕ್ಕಳ ಮೇಲೆ ಕೈ ಮಾಡಿದವರ ಬಳಿಗೆ ಮೊದಲು ದೊಡ್ಡವರು ಹೋಗಿ ನಿಲ್ಲಬೇಕು. ಪಂಚಾಯಿತಿ, ಶಾಲಾ ಸಮಿತಿ, ಪೊಲೀಸು, ನಾನು, ನೀವು. ಇಷ್ಟು ಮಾಡಿದ ಮೇಲೆ ಕಷ್ಟಪಡಿ ಎಂದು ಮಕ್ಕಳಿಗೆ ಹೇಳುವ ಹಕ್ಕು ನಮಗೆ ಬರುತ್ತದೆ. ಅಲ್ಲಿಯವರೆಗೆ ಆ ಸಿನಿಮಾಗಳನ್ನು ಅವರ ಪಾಡಿಗೆ ಅವರು ನೋಡಿಕೊಳ್ಳಲಿ. ಅವರು ಅದನ್ನು ನಮಗಿಂತ ಸರಿಯಾಗಿಯೇ ನೋಡುತ್ತಿದ್ದಾರೆ. ಆ ಕಥೆಯಲ್ಲಿ ಹುಡುಗನ ಪಾತ್ರಕ್ಕೆ ಕಡೂರಿನಲ್ಲಿ, ತರೀಕೆರೆಯಲ್ಲಿ, ಅಜ್ಜಂಪುರದಲ್ಲಿ ಬೇಕಾದಷ್ಟು ಜನ ಸಿದ್ಧರಿದ್ದಾರೆ. ಖಾಲಿ ಇರುವುದು ಮುದುಕನ ಪಾತ್ರ.